ಅಕ್ಕನ ಅಳತೆ

ಇಪ್ಪತ್ತೈದು ದಾಟಿದವರು ವಿಶ್ವವಿದ್ಯಾಲಯದ ಪರವಾಗಿ ಓಟದ ಸ್ಪರ್ಧೆಗಳಲ್ಲಿ ಓಡುವಂತಿಲ್ಲ. ಕಸ್ತೂರಿಗೆ ಇಪ್ಪತ್ಮೂರು, ದಾಖಲೆಯಲ್ಲಿ ಮಾತ್ರ ಇಪ್ಪತ್ತಾರು. ಅದಕ್ಕೇ ಅವಳು ಕೋರ್ಟಿನ ಮೆಟ್ಟಿಲು ಹತ್ತಿದ್ದಳು.

ಆ ದಾಖಲೆ ಅವಳ ಅಕ್ಕನದು. ಕಸ್ತೂರಿ ಹನ್ನೊಂದು ದಿನದ ಕೂಸಾಗಿದ್ದಾಗ ಮೂರು ವರ್ಷದ ಅಕ್ಕ ಜ್ವರ ಬಂದು ತೀರಿಕೊಂಡಿದ್ದಳು. ಅವ್ವ ತೊಟ್ಟಿಲ ಕೂಸಿಗೆ ಅವಳ ಹೆಸರನ್ನೇ ಇಟ್ಟಳು. ಶಾಲೆಗೆ ಸೇರಿಸುವಾಗ ಅಕ್ಕನ ಜನನ ಪತ್ರವನ್ನೇ ಕೊಟ್ಟಳು. ಸಾಯುವ ಮುನ್ನ ಅಪ್ಪ ಇದನ್ನೆಲ್ಲ ಹೇಳಿದ್ದ. ಅವ್ವ ಒಮ್ಮೆಯೂ ಆ ಮಾತು ಎತ್ತಿದವಳಲ್ಲ. ಹಬ್ಬಕ್ಕೆ ಅವಳು ಹೊಲಿಸುತ್ತಿದ್ದ ಅಂಗಿಗಳು ಯಾವಾಗಲೂ ಎರಡು ಅಳತೆ ದೊಡ್ಡವು. ತೊಡಿಸಿ ನೋಡಿ, "ಯಾಕ ಇಷ್ಟು ಸೊರಗೀಯವಾ?" ಅನ್ನುತ್ತಿದ್ದಳು.

ಅಕ್ಕನ ಸಾವನ್ನು ಎಲ್ಲೂ ಬರೆಸಿರಲಿಲ್ಲ. ಉಳಿದ ಸಾಕ್ಷಿ ಅವ್ವ ಒಬ್ಬಳೇ.

"ಕಂಡಿದ್ದಷ್ಟ ಹೇಳವಾ, ಸಾಕು," ಎಂದು ಕಸ್ತೂರಿ ಬೆಳಿಗ್ಗೆಯಿಂದ ಬೇಡಿಕೊಂಡಿದ್ದಳು. ಅವ್ವ ಅವಳ ತಲೆ ಬಾಚಿ, ಹೆರಳು ಹಾಕುತ್ತಾ ಹೂಂ ಎಂದಿದ್ದಳು.

ಈಗ ಅವ್ವ ಸೆರಗು ಹೊದ್ದು ಕಟಕಟೆಯಲ್ಲಿ ನಿಂತಳು.

"ನಿಮಗ ಎಷ್ಟು ಮಕ್ಕಳ್ರಿ?" ವಕೀಲರು ಕೇಳಿದರು.

"ಎರಡ್ರಿ. ಇಬ್ಬರೂ ಹೆಣ್ಣು."

"ಒಬ್ಬಾಕಿ ತೀರಿಕೊಂಡಳು, ಹೌದಲ್ರಿ?"

"ಹೌದ್ರಿ."

ಕಸ್ತೂರಿ ಬಿಗಿಹಿಡಿದಿದ್ದ ಉಸಿರು ಬಿಟ್ಟಳು.

"ಯಾವಾಕಿ?"

ಅವ್ವ ಕಸ್ತೂರಿಯತ್ತ ತಿರುಗಿ ಅಕ್ಕರೆಯಿಂದ ನಕ್ಕಳು.

"ಸಣ್ಣಾಕಿ ರೀ ಸಾಹೇಬ್ರ. ಅದಕ್ಕಿನ್ನೂ ಹೆಸರ ಇಟ್ಟಿದ್ದಿಲ್ಲ."