ಒಂದು ಗಂಟೆಯ ಪ್ರಬಂಧ

‘ಅಡ್ಜಸ್ಟ್’ ಎಂಬ ಇಂಗ್ಲಿಷ್ ಕ್ರಿಯಾಪದಕ್ಕೆ ಕನ್ನಡಿಗರು ಎಷ್ಟೆಲ್ಲ ಅರ್ಥ ಅಂಟಿಸಿದ್ದಾರೆಂದು ಪ್ರೊಫೆಸರರು ವರ್ಷವಿಡೀ ಸಂಶೋಧಿಸಿದ್ದರು. ಬಸ್ಸಿನ ಸೀಟು, ಕೂಡಿಬಾರದ ಜಾತಕ, ಉಪ್ಪಿಲ್ಲದ ಸಾರು, ಕುಡುಕ ಗಂಡ, ಎಲ್ಲಕ್ಕೂ ಅದೊಂದೇ ಮದ್ದು. ವಿಚಾರಸಂಕಿರಣದಲ್ಲಿ ಅದನ್ನು ಮಂಡಿಸಲು ಅವರಿಗೆ ಒಂದು ಗಂಟೆ ಕೊಟ್ಟಿದ್ದರು.

ಶಾಸಕರ ಸನ್ಮಾನವೇ ಮುಗಿಯಲೊಲ್ಲದು. ಸಂಘಟಕ ಬಗ್ಗಿ ಪಿಸುಗುಟ್ಟಿದ.

“ಸಾರ್, ಅರ್ಧ ಗಂಟೆಗೆ ಅಡ್ಜಸ್ಟ್ ಮಾಡ್ಕೊಳ್ಳಿ.”

ಪ್ರೊಫೆಸರರು ಉದಾರವಾಗಿ ನಕ್ಕರು. ಪ್ರಬಂಧಕ್ಕೆ ಹೊಸದೊಂದು ಉದಾಹರಣೆ ಸಿಕ್ಕಿತಲ್ಲ.

ಶಾಲು, ಹಾರ, ಫೋಟೊ ಮುಂದುವರಿದವು.

“ಹತ್ತು ನಿಮಿಷಕ್ಕೆ ಅಡ್ಜಸ್ಟ್ ಮಾಡ್ಕೊಳ್ಳಿ ಸಾರ್.”

ನಗು ಸಣ್ಣಗಾಯಿತು. ಅಷ್ಟರಲ್ಲಿ ಸಾಂಬಾರಿನ ಘಮ ಬಂತು, ಸಭಾಂಗಣ ಖಾಲಿಯಾಯಿತು.

“ಮತ್ತೆ ನನ್ನ ಪ್ರಬಂಧ?”

“ಊಟಕ್ಕೆ ಕೂತಾಗ ಪೂರ್ತಿ ಓದಿ ಸಾರ್. ಮಜ್ಜಿಗೆ ಬರೋತನಕ ಎಲೆ ಬಿಟ್ಟು ಯಾರೂ ಏಳಲ್ಲ.”