ಕಪ್ತಾನನ ದುರ್ಬೀನು

ಟೆಲಿವಿಷನ್ ಪರದೆಯ ಮೇಲಿನ ವಿಧವೆ ದುರ್ಬೀನನ್ನು ಎದೆಗವಚಿಕೊಂಡು ಗಳಗಳನೆ ಅತ್ತಳು.

“ನಾನು ಅತ್ತಿರಲಿಲ್ಲ,” ಎಂದಳು ವೀಬ್ಕೆ.

ಹ್ಯಾಂಬರ್ಗಿನಲ್ಲಿ ಆಗ ಬೀದಿಗೊಂದು ಟೆಲಿವಿಷನ್ ಕೂಡ ಇರಲಿಲ್ಲ. ರೇಡಿಯೋ ಅಂಗಡಿಯ ಕಿಟಕಿಯ ಮುಂದೆ ಮೂವತ್ತು ಜನ ಮುಗಿಬಿದ್ದಿದ್ದರು. ವೀಬ್ಕೆ ಶಾಲನ್ನು ಮೂಗಿನವರೆಗೆ ಎಳೆದುಕೊಂಡು ತಂಗಿ ಆಲ್ಮೂಟಳ ಬೆನ್ನಿಗೆ ಅಡಗಿ ನಿಂತಿದ್ದಳು.

ನಾಟಕ ಬರೆದವನು ಕ್ವಾಸ್ಟ್ ಎಂಬಾತ. ಸಮುದ್ರಪಾಲಾದ ಕಪ್ತಾನನ ಹಿತ್ತಾಳೆ ದುರ್ಬೀನನ್ನು ಹೋದ ವಸಂತದಲ್ಲಿ ಅವಳ ಮನೆಗೇ ಬಂದು ಕೊಂಡವನು. ಕಥೆ ಕೇಳಿ ಕಣ್ಣೊರೆಸಿಕೊಂಡಿದ್ದ. ಒರೆಸಿಕೊಳ್ಳುತ್ತಲೇ ಚೌಕಾಸಿ ಮಾಡಿದ್ದ. ಯಾರಿಗೂ ಹೇಳುವುದಿಲ್ಲವೆಂದು ಮಾತು ಕೊಟ್ಟಿದ್ದ. ಈಗ ಊರಿಗೆಲ್ಲ ಆಡಿ ತೋರಿಸುತ್ತಿದ್ದ.

“ಎಲ್ಲಾ ಹೇಳ್ಬಿಡ್ತಾನಾ, ಅಕ್ಕ?”

“ಹೇಳಿದ್ರೆ ಮುಗೀತು. ಈ ಊರಲ್ಲಿ ಮುಖ ಎತ್ಕೊಂಡು ತಿರುಗೋ ಹಾಗಿಲ್ಲ.”

ನಟಿ ದುರ್ಬೀನನ್ನು ದೀಪಕ್ಕೆ ಹಿಡಿದಳು. ಅದು ಥಳಥಳ ಹೊಳೆಯಿತು.

“ಉಜ್ಜಿಬಿಟ್ಟಿದ್ದಾರೆ, ಮುಠ್ಠಾಳರು. ಆ ಕಿಲುಬು ಕೂರೋಕೆ ಎಷ್ಟು ದಿನ ಹಿಡೀತು ಗೊತ್ತಾ ಇವರಿಗೆ?” ಎಂದು ವೀಬ್ಕೆ ಗೊಣಗಿದಳು.

ಪಕ್ಕದಲ್ಲಿದ್ದ ಮೀನು ಮಾರುವವಳು ಮೂಗು ಸೀಟಿಕೊಂಡಳು. “ಪಾಪ, ಗಂಡನ್ನೇ ಮಾರಿದ ಹಾಗಾಗಿರತ್ತೆ ಆ ಹೆಂಗಸಿಗೆ.”

“ಇವಳ ತಲೆ,” ಎಂದಳು ವೀಬ್ಕೆ, ನಟಿಯತ್ತ ಗಲ್ಲ ಚಾಚಿ. “ಹೀಗೆ ಗೋಳೋ ಅಂತ ಅತ್ರೆ ಕೊಳ್ಳೋಕೆ ಬಂದೋನು ಎದ್ದು ಹೋಗ್ತಾನೆ. ನೀರು ಕಣ್ಣಲ್ಲೇ ನಿಲ್ಲಬೇಕು. ಕೊಟ್ಟ ಮೇಲೂ ಒಂದು ಬೆರಳು ದುರ್ಬೀನಿನ ಮೇಲೇ ಇರಬೇಕು.”

“ಮೆತ್ತಗೆ, ಅಕ್ಕ.”

ಪರದೆಯ ಮೇಲಿನ ವಿಧವೆ ಹಡಗಿನ ಹೆಸರು ಹೇಳಿದಳು. ಬಿರುಗಾಳಿ ಎದ್ದ ದಿನ ಹೇಳಿದಳು. ಕೊಳವೆಯ ಮೇಲಿನ ತಗ್ಗನ್ನು ಸವರಿ, ಕಪ್ತಾನನ ಕಡೆಯ ಮಾತನ್ನೂ ಹೇಳಿದಳು. ಒಂದಕ್ಷರ ಬಿಡಲಿಲ್ಲ. ಕ್ವಾಸ್ಟನಿಗೆ ಸ್ವಂತದ್ದೆಂದು ಒಂದು ವಾಕ್ಯವೂ ಹುಟ್ಟಿರಲಿಲ್ಲ.

ಜನ ಬಿಕ್ಕುತ್ತಿದ್ದರು. ವೀಬ್ಕೆ ತಂಗಿಯ ತೋಳು ಹಿಡಿದೆಳೆದಳು. “ನಡಿ.”

“ಇನ್ನೂ ಮುಗಿದಿಲ್ವಲ್ಲ.”

“ನಮ್ಮದು ಮುಗೀತು. ನಡಿ ಅಂದ್ರೆ.”

ಮುಂದಿನ ಸಾಲಿನಲ್ಲಿ ಟೋಪಿ ಹಾಕಿದ್ದ ಗುಮಾಸ್ತನೊಬ್ಬ ಹೆಂಡತಿಯತ್ತ ತಿರುಗಿದ. “ಇದೇನೇ ಇದು? ಅದೇ ಹಡಗು, ಅದೇ ಮಾತು. ಆ ದುರ್ಬೀನು ನಮ್ಮನೆ ಬೀರುವಿನಲ್ಲಿದೆಯಲ್ಲ?”

“ನಿಮ್ಮನೇಲಾ?” ಎಂದ ಅವನ ಹಿಂದಿದ್ದ ಮುದುಕ. “ಅದು ನಮ್ಮನೆ ಗೋಡೆ ಮೇಲಿದೆ, ಸ್ವಾಮಿ.”