ಸ್ಮಶಾನದ ನಡುವಿನ ಗೋಡೆ

ಚರ್ಚಿನ ಸ್ಮಶಾನಕ್ಕೆ ನಡುವೆ ಒಂದು ಗೋಡೆ. ದೊಡ್ಡ ಗೇಟಿನ ಕಡೆ ಊರವರ ಸಮಾಧಿಗಳು. ಕೇರಿಯವರನ್ನು ಹಿಂದಿನ ಗೇಟಿನಿಂದ ಒಯ್ದು ಗೋಡೆಯಾಚೆ ಹೂಳಬೇಕು. ದೇವಶಾಸ್ತ್ರ ಓದಿ ಬಂದ ಕೇರಿಯ ಕೃಪಾವತಿ ಗೋಡೆ ಕೆಡವಿ ಎಂದಾಗ ಸಭೆಯ ಹಿರಿಯ ದೇವಪುತ್ರಪ್ಪ ನಕ್ಕಿದ್ದರು. "ಈ ಕಾಲಕ್ಕೆ ಯಾವ ಕೆಲಸಕ್ಕೆ ಬರತ್ತಮ್ಮ ನಿನ್ನ ಶಾಸ್ತ್ರ?"

ಇಂದು ಅವರೇ ಅವಳ ಮನೆ ಬಾಗಿಲಿಗೆ ಬಂದು ನಿಂತರು.

"ಅಪ್ಪ ತೀರಿಕೊಂಡ್ರು. ನಮ್ಮ ಕಡೆ ಗುಂಡಿ ತೋಡೋಕೆ ಮೊಳ ಜಾಗ ಇಲ್ಲ. ನಿಮ್ಮ ಕಡೆ..."

"ಧಾರಾಳವಾಗಿದೆ. ಪ್ರಾರ್ಥನೆನೂ ನಾನೇ ಮಾಡ್ತೀನಿ."

"ಹಾಗಾದ್ರೆ ಸಂಜೆ ಹಿಂದಿನ ಗೇಟಿಂದ ತರ್ತೀವಿ."

"ಬೇಡ, ದೊಡ್ಡ ಗೇಟಿಂದ ನೆಟ್ಟಗೆ ತನ್ನಿ," ಎಂದವಳು ಒಳಗಿನಿಂದ ಹಾರೆ ತಂದು ಅವರ ಕೈಗಿಟ್ಟಳು.